ವಿಷಲ್ ಇಲ್ಲದ ಕುಕ್ಕರ್ ಒಂದು

ನಕ್ಷತ್ರಗಳ ನಡುವೆ ದಾರಿ ಕಂಡುಹಿಡಿದವರು ದೊಡ್ಡ ದೊಡ್ಡ ವಿಜ್ಞಾನಿಗಳು. ಆ ದಾರಿ ನಡೆಯುತ್ತಿರುವುದು ಮಾತ್ರ ನಮ್ಮಂಥ ತಕ್ಕಡಿಯವರಿಂದ. ಈ ಮಾತು ಹೇಳಿದಾಗಲೆಲ್ಲ ಅಕ್ಕ, "ಹೌದಪ್ಪ, ನೀನಿಲ್ದಿದ್ರೆ ಸೂರ್ಯನೂ ಹುಟ್ತಿರ್ಲಿಲ್ಲ" ಎನ್ನುತ್ತಿದ್ದಳು.

ವಿಷಯ ಇಷ್ಟೇ. ನಮ್ಮ ಕಚೇರಿಯ ಹಿಂದಿನ ಕೋಣೆಯಿಂದ ನಕ್ಷತ್ರಗಳಾಚೆಯ ಇನ್ನೊಂದು ಲೋಕಕ್ಕೆ ಬೆಳಕು ಹೋಗಿ ಮುಟ್ಟಲು ನಲವತ್ತು ವರ್ಷ ಬೇಕು. ಆದರೆ ಇಲ್ಲೊಂದು ತಕ್ಕಡಿ, ಅಲ್ಲೊಂದು ತಕ್ಕಡಿ ಇಟ್ಟು, ಎರಡರ ಮೇಲೂ ಒಂದೇ ಗಳಿಗೆಯಲ್ಲಿ ಒಂದೇ ತೂಕ ಕೂತರೆ ನಡುವಿನ ದೂರವೇ ಇಲ್ಲವಾಗಿಬಿಡುತ್ತದೆ. ಇಲ್ಲಿಯವರು ಅಲ್ಲಿ, ಅಲ್ಲಿಯವರು ಇಲ್ಲಿ. ಇದಕ್ಕೆ ಸರಿತೂಕ ಎಂದು ಹೆಸರು. ಎರಡೂ ಕಡೆಯ ವ್ಯತ್ಯಾಸವನ್ನು ತಕ್ಕಡಿಯ ಮುಳ್ಳು ತೋರಿಸುತ್ತದೆ. ಕಡಿಮೆ ಬಿದ್ದವರ ತೊಡೆಯ ಮೇಲಿನ ಚೀಲಕ್ಕೆ ಮರಳು ಸುರಿದು ಮುಳ್ಳನ್ನು ನಡುವೆ ನಿಲ್ಲಿಸುವುದು ನನ್ನ ಕೆಲಸ. ಬರೀ ಮರಳು ಕಳಿಸಿದರೆ ದಾರಿ ತೆರೆಯುವುದಿಲ್ಲ, ಎರಡೂ ಕಡೆ ಉಸಿರಾಡುವ ಜೀವ ಬೇಕು. ಯಾಕೆ ಎಂದು ಕೇಳಿದರೆ ವಿಜ್ಞಾನಿಗಳು ಕನ್ನಡಕ ಒರೆಸಿಕೊಳ್ಳುತ್ತಾರೆ.

ಸರಿತೂಕ ದಿನಕ್ಕೆ ಎರಡೇ ಸಲ, ಬೆಳಿಗ್ಗೆ ಒಮ್ಮೆ, ಮಧ್ಯಾಹ್ನ ಒಮ್ಮೆ. ಅದಕ್ಕೆ ಮುಂಚೆ ಎರಡು ಕಚೇರಿಗಳ ನಡುವೆ ಒಂದೊಂದು ಚೀಟಿ ಅದಲುಬದಲಾಗುತ್ತದೆ. ಅಷ್ಟು ಹಗುರ ಕಾಗದಕ್ಕೆ ಮಾತ್ರ ಜೀವ ಬೇಡ. ಅದರಲ್ಲಿ ತೂಕ, ಸಾಮಾನು, ಅಷ್ಟೇ. ಹೆಸರು ಬರೆಯುವಂತಿಲ್ಲ.

ಒಂಬತ್ತು ವರ್ಷದ ಹಿಂದೆ ಅಕ್ಕನಿಗೂ ಭಾವನಿಗೂ ಜಗಳವಾಯಿತು. ಕಾಳು ಬೇಯಲು ಕುಕ್ಕರ್ ಮೂರು ಸಲ ಕೂಗಬೇಕೋ ನಾಲ್ಕು ಸಲವೋ ಎಂಬುದು ಜಗಳದ ವಿಷಯ. ಇಂಥದ್ದಕ್ಕೆ ಲೋಕವನ್ನೇ ಬಿಟ್ಟು ಹೋದವರನ್ನು ನಾನು ಬೇರೆ ಕಂಡಿಲ್ಲ. ಭಾವ ವೆಲ್ಡರ್, ಆ ಕಡೆ ವೆಲ್ಡರ್‌ಗಳು ಬೇಕಾಗಿದ್ದರು. ಸಿಟ್ಟಿನಲ್ಲಿ ಹೊರಟೇಬಿಟ್ಟರು. ಹೋಗುವಾಗ ಕುಕ್ಕರಿನ ವಿಷಲ್ ಕಿತ್ತು ಜೇಬಿಗೆ ಹಾಕಿಕೊಂಡರು. ಅಕ್ಕನೂ ಕಡಿಮೆಯವಳಲ್ಲ. ಹೊಸ ವಿಷಲ್ ಕೊಳ್ಳದೆ ಒಂಬತ್ತು ವರ್ಷ ಪಾತ್ರೆಯಲ್ಲೇ ಕಾಳು ಬೇಯಿಸಿದಳು. ಅರೆಬೆಂದ ಆ ಕಾಳು ತಿಂದವನು ನಾನು. ಅಮ್ಮ ಹೋದಾಗಿನಿಂದ ನನ್ನ ಊಟ, ಬೈಗುಳ, ಜ್ವರದ ಗಂಜಿ ಎಲ್ಲವೂ ಅವಳ ಕೈಯದೇ.

ಒಂದು ಬೆಳಿಗ್ಗೆ ಅಕ್ಕ ಬಗಲಲ್ಲಿ ಚೀಲ ಸಿಕ್ಕಿಸಿಕೊಂಡು ಕಚೇರಿಗೆ ಬಂದವಳೇ ನೇರವಾಗಿ ತಕ್ಕಡಿ ಹತ್ತಿ ಕೂತಳು.

"ಎಲ್ಲಿಗೆ?" ಎಂದೆ.

"ನಿನ್ನ ತಕ್ಕಡಿ ಹತ್ತಿ ಮಾರ್ಕೆಟ್ಟಿಗೆ ಹೋಗ್ತಾರಾ? ಇವತ್ತು ನಮ್ಮ ಮದುವೆ ಆದ ದಿನ. ಹೇಳ್ದೆ ಕೇಳ್ದೆ ಹೋಗಿ ಎದುರಿಗೆ ನಿಂತ್ಕೋತೀನಿ. ಆ ಮುಖ ಹೇಗಾಗತ್ತೆ ನೋಡ್ಬೇಕು."

ನಾನು ಚೀಟಿ ಬರೆದೆ: ಎಪ್ಪತ್ತೊಂದು ಕಿಲೋ. ವಿಷಲ್ ಇಲ್ಲದ ಕುಕ್ಕರ್ ಒಂದು.

ಆ ಕಡೆಯ ಚೀಟಿ ಬಂತು: ಎಪ್ಪತ್ತು ಕಿಲೋ. ಕುಕ್ಕರ್ ವಿಷಲ್ ಒಂದು.

ಭಾವನಿಗೂ ಇವತ್ತೇ ಮದುವೆಯ ದಿನ ನೆನಪಾಗಿದೆ. ಮುಳ್ಳು ನಿಂತರೆ ಇವಳು ಅಲ್ಲಿ, ಅವರು ಇಲ್ಲಿ.

"ಅಕ್ಕ, ಇಳಿ. ಭಾವ ಬರ್ತಿದಾರೆ."

"ನಾನ್ಯಾಕೆ ಇಳೀಲಿ? ಅವರೇ ಇಳೀಲಿ."

ಗಂಟೆ ಹೊಡೆಯಿತು. ಇನ್ನು ಇರುವುದು ಎರಡೇ ನಿಮಿಷ. ಇಲ್ಲಿಂದ ಯಾರೂ ಹೋಗದಿದ್ದರೆ ಭಾವ ಬರುವುದಿಲ್ಲ, ಆಮೇಲೆ ಅವರ ಮನಸ್ಸು ಎತ್ತ ಹೊರಳುತ್ತದೋ ಯಾರಿಗೆ ಗೊತ್ತು. ಅಕ್ಕನ ರಟ್ಟೆ ಹಿಡಿದು ಇಳಿಸಿ ನಾನೇ ಹತ್ತಿ ಕೂತೆ. ಇಪ್ಪತ್ತು ವರ್ಷ ಎಲ್ಲರಿಗೂ ಧೈರ್ಯ ಹೇಳಿ ಕಳಿಸಿದವನು ಒಮ್ಮೆಯೂ ಹೋಗಿರಲಿಲ್ಲ. ನಿಜ ಹೇಳಬೇಕೆಂದರೆ ಹೆದರಿಕೆ. ಮರಳು ಸುರಿದುಕೊಂಡೆ. ಮುಳ್ಳು ಯಾಕೋ ಅತ್ತಿತ್ತ ಹೊಯ್ದಾಡುತ್ತಿತ್ತು. ಭಾವ ಗಾಬರಿಯಲ್ಲಿ ಮಿಸುಕಾಡುತ್ತಿದ್ದಾರೆ ಎಂದುಕೊಂಡು ಕಣ್ಣು ಮುಚ್ಚಿದೆ.

ಕಣ್ಣು ಬಿಟ್ಟರೆ ಅಂಥದೇ ಕೋಣೆ, ಅಂಥದೇ ಮರಳಿನ ಡಬ್ಬಿ. ಎದುರಿನ ಬೆಂಚಿನ ಮೇಲೆ ಭಾವ.

"ನೀವ್ಯಾಕೆ ಇಲ್ಲೇ ಇದೀರಿ?"

"ಇಲ್ಲಿನ ತಕ್ಕಡಿಯವನು ಚೀಟಿ ಓದಿದವನೇ ನನ್ನನ್ನ ಕೆಳಗೆ ಎಳೆದ. ನಿಮ್ಮ ಹೆಂಡ್ತಿ ಬರ್ತಿದಾರೆ, ಅಲ್ಲಾಡಬೇಡಿ ಅಂತ ಹೇಳಿ ತಾನೇ ಹತ್ತಿ ಹೋದ."

ಬುದ್ಧಿ ಇರುವುದು ನನಗೊಬ್ಬನಿಗೇ ಎಂದು ತಿಳಿದಿದ್ದೆ. ಆ ಎರಡು ಚೀಟಿಗಳನ್ನು ಆ ಕಡೆಯೂ ಒಬ್ಬ ಓದುತ್ತಾನೆ ಎಂದು ಹೊಳೆದೇ ಇರಲಿಲ್ಲ. ಲೋಕ ಯಾವುದಾದರೇನು, ತಕ್ಕಡಿಯವರ ತಲೆ ಓಡುವುದು ಒಂದೇ ರೀತಿ. ಭಾವನೂ ನಾನೂ ಒಂದೇ ಬೆಂಚಿನಲ್ಲಿ ಕೂತು ಮಧ್ಯಾಹ್ನದವರೆಗೆ ಕಾದೆವು. ಅವರ ಕೂದಲು ಪೂರ್ತಿ ಬೆಳ್ಳಗಾಗಿತ್ತು. ಅಕ್ಕನ ಮಂಡಿನೋವು ಹೇಗಿದೆ ಎಂದು ನಾಲ್ಕು ಸಲ ಕೇಳಿದರು.

ಮಧ್ಯಾಹ್ನದ ಚೀಟಿ ಬಂತು: ಎಪ್ಪತ್ತೊಂದು ಕಿಲೋ. ವಿಷಲ್ ಇಲ್ಲದ ಕುಕ್ಕರ್ ಒಂದು.

ಅಕ್ಕ ಮತ್ತೆ ತಕ್ಕಡಿ ಹತ್ತಿದ್ದಾಳೆ. ಭಾವ ಎದ್ದುನಿಂತರು.

"ನಾನೇ ಹೋಗ್ತೀನಿ. ಜಗಳ ಮಾಡ್ಕೊಂಡು ಬಂದವನು ನಾನು. ಸೋಲೋದೂ ನಾನೇ ಆಗ್ಬೇಕು."

"ಭಾವ, ನೀವು ಹತ್ತಿದ್ರೆ ಅವಳು ಇಲ್ಲಿ, ನೀವು ಅಲ್ಲಿ. ಒಂಬತ್ತು ವರ್ಷ ಗೆಲ್ಲೋಕೆ ಒದ್ದಾಡಿದ್ರಿ, ಈಗ ಸೋಲೋಕೂ ಪೈಪೋಟಿನಾ? ಒಂದು ಸಲ ಸುಮ್ನೆ ಕೂತ್ಕೊಳ್ಳಿ."

ಅವರು ಕೂತರು. ಉಳಿದವನು ನಾನು. ನಾನೂ ಹತ್ತದೆ ಕೂತರೆ ಅಕ್ಕ ಬೇಸತ್ತು ಇಳಿದು ಮನೆಗೆ ಹೋಗುತ್ತಾಳೆ. ನಾನು ನಾಳೆ ನಾಡಿದ್ದು ಯಾರದೋ ಜೊತೆ ಅದಲುಬದಲಾಗಿ ಹಿಂದಿರುಗಿದರೆ ಮತ್ತೆ ಅದೇ ಅಡುಗೆಮನೆ, ಅದೇ ಅರೆಬೆಂದ ಕಾಳು, ಅದೇ ಬೈಗುಳ. ಹತ್ತಿದರೆ ಅವಳು ಇಲ್ಲಿಯವಳಾಗುತ್ತಾಳೆ. ಸುಳ್ಳು ಹೇಳುವುದಿಲ್ಲ, ಒಂದು ಕ್ಷಣ ಏಳಲು ಮನಸ್ಸೇ ಬರಲಿಲ್ಲ. ಅಕ್ಕನಿಲ್ಲದ ಮನೆ ಕಣ್ಣಮುಂದೆ ಬಂತು. ಆದರೆ ಭಾವ ಬಾಗಿಲ ಗಾಜಿನಲ್ಲಿ ಮುಖ ನೋಡಿಕೊಂಡು ತಲೆ ಬಾಚಿಕೊಳ್ಳುತ್ತಿದ್ದರು. ನಾನು ಎದ್ದು ಚೀಟಿ ಬರೆದು ಕಳಿಸಿದೆ: ಅರವತ್ತಾರು ಕಿಲೋ. ಸಾಮಾನು ಇಲ್ಲ. ಆಮೇಲೆ ತಕ್ಕಡಿ ಹತ್ತಿ ಮರಳು ಸುರಿದುಕೊಂಡೆ. ಈ ಸಲ ಮುಳ್ಳು ಹೊಯ್ದಾಡದೆ ನಿಂತಿತು.

ಬಂದಿಳಿದಾಗ ನಮ್ಮ ಕಚೇರಿ ಬಣಗುಡುತ್ತಿತ್ತು. ಆ ಕಡೆಯ ತಕ್ಕಡಿಯವನು ಮೂಲೆಯಲ್ಲಿ ಗೋಡೆಗೆ ಮುಖಮಾಡಿ ಕೂತಿದ್ದ.

"ಅಕ್ಕ ಏನಾದ್ರೂ ಹೇಳಿದ್ಲಾ?" ಎಂದೆ.

"ಚೀಟಿ ನೋಡಿ, ಇದು ನನ್ನ ತಮ್ಮನೇ ಅಂದ್ರು." ಅವನು ತಿರುಗಲಿಲ್ಲ. "ಬಂದ ತಕ್ಷಣ ಅಳ್ತಾನೆ, ನೋಡಿದ್ರೆ ನಾಚ್ಕೋತಾನೆ, ಆ ಕಡೆ ತಿರುಗಿ ಕೂತ್ಕೊಳ್ಳಿ ಅಂದ್ರು. ಮುಗಿದ ಮೇಲೆ ಹೇಳಿ, ಊಟಕ್ಕೆ ಹೋಗೋಣ."