ಮೂರು ಮೊಳ ಫಿಲ್ಮು

ಪಕ್ಕದ ಮನೆಯ ಬೋರಣ್ಣ ಹಿಡಿ ಮಣ್ಣನ್ನು ಮುಂದೆ ಚಾಚಿದ. ಗೊಲ್ಲಪ್ಪ ಎರಡೂ ಕೈ ಬೆನ್ನ ಹಿಂದೆ ಕಟ್ಟಿಕೊಂಡುಬಿಟ್ಟ.

"ಏನಪ್ಪ ಇದು? ಒಡಹುಟ್ಟಿದ ತಮ್ಮ. ನೀನೇ ಹಾಕ್ದಿದ್ರೆ ಇನ್ಯಾರು ಹಾಕ್ಬೇಕು?"

"ನಾ ಹಾಕಲ್ಲ. ಅಪ್ಪನ್ನೇ ಕತ್ತರಿಸಿ ಬಿಸಾಕಿದೋನು ಅವ್ನು."

ಹಿರೇಗುಂಟನೂರಿನ ಹೊಲದಲ್ಲಿ ತೋಡಿದ ಗುಂಡಿಯೊಳಗೆ ರಂಗಸ್ವಾಮಿ ಮಲಗಿದ್ದ. ಮೂವತ್ತೈದು ವರ್ಷ ಬೆಂಗಳೂರಿನ ಕತ್ತಲೆ ಕೋಣೆಗಳಲ್ಲಿ ಕೂತು ಸಿನಿಮಾ, ಧಾರಾವಾಹಿಗಳ ಸಂಕಲನ ಮಾಡಿದವನು. ಟೀವಿಯಲ್ಲಿ ಅವನ ಹೆಸರು ಬರುವ ಹೊತ್ತಿಗೆ ಸರಿಯಾಗಿ ಗೊಲ್ಲಪ್ಪ ಸ್ವಿಚ್ಚು ಆರಿಸುತ್ತಿದ್ದ. ಅಂಥ ಹಟದ ಮನುಷ್ಯ.

*

ಕೆಲಸಕ್ಕೆ ಸೇರಿದ ಹೊಸತರಲ್ಲಿ ರಂಗಸ್ವಾಮಿ, ಕುರಿಗಾರರ ಮೇಲೊಂದು ಕಾರ್ಯಕ್ರಮ ತೆಗೆಯುವವರನ್ನು ಊರಿಗೇ ಕರೆತಂದಿದ್ದ. ಅಪ್ಪ ಕಾಟಲಿಂಗಪ್ಪ ಹೊಸ ಕಂಬಳಿ ಹೊದ್ದು ಮಂದೆಯ ಮುಂದೆ ನಡೆದು ಬಂದ. ಕ್ಯಾಮೆರಾದ ಹಿಂದೆ ನಿಂತ ಮಗ ಕಣ್ಣಿಗೆ ಬಿದ್ದದ್ದೇ ತಡ, "ರಂಗಾ, ಉಂಡ್ಯೇನಪ್ಪಾ?" ಅಂದ.

ಕಾರ್ಯಕ್ರಮ ಬಂದ ದಿನ ಇಡೀ ಹಟ್ಟಿ ಶಾಲೆಯ ಟೀವಿಯ ಮುಂದೆ ಕೂತಿತ್ತು. ಕುರಿ ಬಂದವು, ನಾಯಿ ಬಂತು. ಅಪ್ಪ ಬರಲೇ ಇಲ್ಲ. "ಕುರಿ ಚೆನ್ನಾಗಿ ಬಂದವೆ," ಎಂದಷ್ಟೇ ಹೇಳಿ ಕಾಟಲಿಂಗಪ್ಪ ಕಂಬಳಿ ಕೊಡವಿಕೊಂಡು ಎದ್ದು ಹೋದ.

"ಅಪ್ಪ ಕ್ಯಾಮೆರಾನೇ ನೋಡ್ಬಿಟ್ಟ ಕಣಣ್ಣ. ಹಂಗೆ ನೋಡಬಾರ್ದು, ಅದಕ್ಕೇ ತೆಗೆದೆ."

"ಅವ್ನು ನೋಡಿದ್ದು ನಿನ್ನ ಕಣಲೇ!"

ಆ ವರ್ಷವೇ ಅಪ್ಪ ತೀರಿಕೊಂಡ. ಮನೆಯಲ್ಲಿ ಅವನದೊಂದು ಫೋಟೋ ಕೂಡ ಇರಲಿಲ್ಲ. ಗೊಲ್ಲಪ್ಪ ತಮ್ಮನ ಜೊತೆ ಮಾತು ಬಿಟ್ಟದ್ದು ಆಗಲೇ.

*

ರಂಗಸ್ವಾಮಿಯ ಮಗಳು ಕಾವ್ಯಶ್ರೀ ಹತ್ತಿರ ಬಂದು ತಗಡಿನ ಡಬ್ಬಿಯೊಂದನ್ನು ನೀಡಿದಳು.

"ದೊಡ್ಡಪ್ಪ, ಇದು ನಿಮಗೆ. ನೀವು ಬೇಡ ಅಂದ್ರೆ ನನ್ನ ಜೊತೆಗೇ ಮಣ್ಣಿಗೆ ಹಾಕು ಅಂದಿದ್ರು ಅಪ್ಪ. ಕೊಡೋಕೆ ಎರಡು ಸಲ ಬಂದಿದ್ರಂತೆ."

ಗೊಲ್ಲಪ್ಪನಿಗೆ ಆ ಡಬ್ಬಿಯ ಗುರುತು ಸಿಕ್ಕಿತು. ಹಿಂದೊಮ್ಮೆ ತಮ್ಮ ಇದನ್ನೇ ತೊಡೆಯ ಮೇಲಿಟ್ಟುಕೊಂಡು ಜಗುಲಿಯಲ್ಲಿ ಬಿಸಿಲು ಇಳಿಯುವವರೆಗೂ ಕೂತಿದ್ದ. ಇವನು ಉಣ್ಣೆ ಕತ್ತರಿಸುತ್ತಾ ತಲೆಯನ್ನೇ ಎತ್ತಿರಲಿಲ್ಲ. ಉಂಡೆಯಾ ಎಂದು ಸಹ ಕೇಳಿರಲಿಲ್ಲ.

ಮುಚ್ಚಳ ತೆಗೆದ. ಮೂರು ಮೊಳದಷ್ಟು ಫಿಲ್ಮಿನ ಸುರುಳಿ. ಬಿಸಿಲಿಗೆ ಹಿಡಿದರೆ, ಉಗುರಿನಗಲದ ಚೌಕದಲ್ಲಿ ಕಂಬಳಿ ಹೊದ್ದ ಅಪ್ಪ ಅವನನ್ನೇ ನೋಡುತ್ತಿದ್ದ. ಬಾಯಿ ಅರೆ ತೆರೆದಿತ್ತು.

"ಎಂಥ ಕೆಲ್ಸ ಮಾಡಿಬಿಟ್ಟೆ ನಾನು, ಬೋರಣ್ಣ," ಎಂದು ಗೊಲ್ಲಪ್ಪ ಅತ್ತ.

ಆಮೇಲೆ ಕಣ್ಣೊರೆಸಿಕೊಂಡು, "ರಂಗನ ಜೊತೀಗೂ ಒಂದು ತುಂಡು ಹೋಗ್ಲಿ. ಅಲ್ಲಿ ಕತ್ತರಿ ಐತಲ್ಲ, ಕೊಡು," ಎಂದ.

ಬೋರಣ್ಣ ಹೂವಿನ ಹಾರದ ದಾರ ಕತ್ತರಿಸಲು ತಂದಿದ್ದ ಕತ್ತರಿಯನ್ನು ಕೊಟ್ಟ. ಅದನ್ನು ಈಸಿಕೊಂಡದ್ದು ಐವತ್ತು ವರ್ಷ ಉಣ್ಣೆ ಕತ್ತರಿಸಿದ ಕೈ. ಗೊಲ್ಲಪ್ಪ ಫಿಲ್ಮನ್ನು ಮತ್ತೆ ಬಿಸಿಲಿಗೆ ಹಿಡಿದು, ಕತ್ತರಿ ಹಾಕಲು ಅಪ್ಪ ಇಲ್ಲದ ಒಂದು ಜಾಗಕ್ಕಾಗಿ ಈ ತುದಿಯಿಂದ ಆ ತುದಿಯವರೆಗೆ ಹುಡುಕಿದ. ಒಂದೊಂದು ಚೌಕದಲ್ಲೂ ಅಪ್ಪ ಇದ್ದ. ಕತ್ತರಿ ಬಾಯಿ ತೆರೆದುಕೊಂಡೇ ಇತ್ತು.