ಎಡಚಕ್ರದ ಸದ್ದು

ಠಾಣೆ ನಗರದ ಘೋಡಬಂದರ್ ರಸ್ತೆಯ ಹೊಂಡವೊಂದಕ್ಕೆ ಕಾರು ಇಳಿದಾಗ ಮುಂದಿನ ಎಡಚಕ್ರದ ಕಡೆಯಿಂದ ಟಕ್ ಎಂದಿತು. ತೃಷಾ ಅಪ್ಪನ ಮುಖ ನೋಡಿದಳು. ಚೆನ್ನಯನಿಗೆ ಏನೂ ಆದಂತಿರಲಿಲ್ಲ. ಇಪ್ಪತ್ತೆಂಟು ವರ್ಷ ಟ್ಯಾಕ್ಸಿ ಓಡಿಸಿದವನು. ಒಂದು ಕಾಲದಲ್ಲಿ ಸದ್ದು ಕೇಳಿಯೇ ಗಾಡಿಯ ರೋಗ ಹೇಳುತ್ತಿದ್ದ.

ಮುಂದಿನ ಹೊಂಡದಲ್ಲಿ ಸದ್ದು ಜೋರಾಯಿತು.

"ಪಪ್ಪಾ, ಆವಾಜ್ ಆ ರಹಾ ಹೈ. ಲೆಫ್ಟ್ ಸೈಡ್ ಸೇ," ಎಂದಳು, ತನಗೆ ಸಲೀಸಾದ ಹಿಂದಿಯಲ್ಲಿ.

"ಎಂಥ ಸದ್ದು? ನಂಗೆ ಕೇಳ್ಲಿಲ್ಲ. ಹತ್ತು ಗಂಟೆಗೆ ನೀನು ಸೀವುಡ್ಸಲ್ಲಿ ಇಂಟರ್‌ವ್ಯೂಗೆ ಇರ್ಬೇಕು, ನೆನಪುಂಟಾ?"

ಬಲಕ್ಕೆ ಕಂಟೇನರ್ ಲಾರಿ, ಎಡಕ್ಕೆ ಮೆಟ್ರೋ ಕಾಮಗಾರಿಯ ತಗಡಿನ ಬೇಲಿ. ಬ್ರೇಕ್ ಒತ್ತಿದಾಗ ಕಾರು ಎಡಕ್ಕೆ ಎಳೆಯಿತು. ಚೆನ್ನಯ ಸ್ಟೇರಿಂಗ್ ತಿದ್ದಿದ. ಮತ್ತೆ ಟಕ್, ಈ ಸಲ ಅವಳ ಪಾದದಡಿಯಲ್ಲೇ. ಅವನು ಆಗಲೂ ಕತ್ತು ಹೊರಳಿಸಲಿಲ್ಲ. ತೃಷಾಳಿಗೆ ಹೊಳೆಯಿತು: ಅಪ್ಪ ಅಲಕ್ಷ್ಯ ಮಾಡುತ್ತಿಲ್ಲ, ಅವನಿಗೆ ಕೇಳಿಸುತ್ತಲೇ ಇಲ್ಲ.

"ಗಾಡಿ ರೋಕೋ, ಪಪ್ಪಾ!" ಅವಳು ಅವನ ತೋಳು ಹಿಡಿದಳು.

"ಹುಚ್ಚಾ ನಿಂಗೆ?" ಎಂದು ಗದರಿದರೂ, ಅವಳ ಮುಖ ಕಂಡು ಪೆಟ್ರೋಲ್ ಪಂಪಿನೊಳಗೆ ತಿರುಗಿಸಿದ.

ಜಾಕ್ ಏರಿಸಿ, ಚಕ್ರವನ್ನು ಮೇಲೊಂದು ಕೆಳಗೊಂದು ಕೈಯಲ್ಲಿ ಹಿಡಿದು ಅಲುಗಾಡಿಸಿದ. ಗಟ್ಟಿಯಾಗಿ ನಿಲ್ಲಬೇಕಿದ್ದ ಚಕ್ರ ಸಡಿಲು ಹಲ್ಲಿನಂತೆ ಆಡಿತು. ಟೈರಿನ ಒಳಅಂಚು ಸವೆದು ನುಣ್ಣಗಾಗಿತ್ತು. ಟಾರ್ಚ್ ಹಿಡಿದು ಚಕ್ರದ ಹಿಂದೆ ಬಗ್ಗಿ ನೋಡಿದ. ಚಕ್ರವನ್ನು ಹಿಡಿದಿಡುವ ಜಾಯಿಂಟಿನ ರಬ್ಬರ್ ಹರಿದು, ಗ್ರೀಸ್ ಒಣಗಿ ಹೋಗಿತ್ತು. ಅವನು ಅಲ್ಲೇ ನೆಲದ ಮೇಲೆ ಕುಳಿತುಬಿಟ್ಟ.

"ಬಾಲ್ ಜಾಯಿಂಟ್ ಸವೆದಿದೆ, ಮಗಾ. ಫ್ಲೈಓವರ್ ಮೇಲೆ ಕಳಚಿದ್ರೆ ಚಕ್ರವೇ ಮಡಚಿಕೊಳ್ತಿತ್ತು." ಟಾರ್ಚ್ ಆರಿಸಿ ಕೇಳಿದ, "ಸದ್ದು ಎಷ್ಟು ಜೋರಿತ್ತು?"

ಅವಳು ಸುಳ್ಳು ಹೇಳಬಹುದಿತ್ತು. "ಬಹುತ್" ಎಂದಳು. ಆಮೇಲೆ ತಡವರಿಸುತ್ತ ಕನ್ನಡದಲ್ಲೇ, "ಮನೆ ಬೆಲ್ ಕೂಡ ನಿಮ್ಗೆ ಕೇಳೂದಿಲ್ಲ, ಪಪ್ಪಾ."

ಚೆನ್ನಯ ಕೈಯ ಮಸಿಯನ್ನು ಬಟ್ಟೆಗೆ ಒರೆಸುತ್ತಲೇ ಇದ್ದ. ಸಿಟ್ಟು ಬರಲಿಲ್ಲ, ನಾಚಿಕೆಯಾಯಿತು.

"ನೀನು ಆಟೋ ಹಿಡಿ. ಠಾಣೆ ಸ್ಟೇಷನ್ನಿಂದ ನೆರೂಳಿಗೆ ಟ್ರೇನ್ ಸಿಗ್ತದೆ, ಸೀವುಡ್ಸ್ ಅದರ ಮುಂದಿನ ಸ್ಟೇಷನ್. ಲೇಟಾಗ್ತದೆ ಅಂತ ಅವರಿಗೆ ಫೋನ್ ಮಾಡು."

ಆಫೀಸಿನವರು ಹನ್ನೊಂದೂವರೆಗೆ ಬರಲು ಹೇಳಿದರು. ಅವಳ ಆಟೋ ಮರೆಯಾದ ಮೇಲೆ ಚೆನ್ನಯ ಗಾಡಿ ಎಳೆದೊಯ್ಯಲು ಗ್ಯಾರೇಜಿಗೆ ಹೇಳಿದ. ನಂತರ ಜೊತೆಯ ಡ್ರೈವರ್ ಸೂರಜನಿಗೆ ಫೋನ್ ಹಚ್ಚಿದ.

"ಸಂಜೆಯ ಏರ್‌ಪೋರ್ಟ್ ಟ್ರಿಪ್ ನೀನು ತಕೊ. ನಾಳೆದೂ ನೀನೇ ಮಾಡು. ನಂಗೆ ಕಿವಿ ಡಾಕ್ಟ್ರ ಹತ್ರ ಹೋಗ್ಲಿಕ್ಕುಂಟು."

ಸೂರಜ್ ಏನೋ ಕೇಳಿದ. ಅಂದಾಜಿನ ಮೇಲೆ ಹೂಂಗುಟ್ಟುವುದು ಚೆನ್ನಯನಿಗೆ ರೂಢಿಯಾಗಿತ್ತು. ಇಂದು ಹಾಗೆ ಮಾಡಲಿಲ್ಲ.

"ಕೇಳ್ಲಿಲ್ಲ ಮಾರಾಯ," ಎಂದ. "ಜೋರಾಗಿ ಹೇಳು."