ಒಂಬತ್ತು ವರ್ಷದ ಸೂತಕ

ಜೋಲೀನ್ ಕೆಂಡದೊಳಗಿಂದ ರೊಟ್ಟಿಯನ್ನು ಎಳೆದುಕೊಂಡು, ನೀಲಗಿರಿ ಸೊಪ್ಪಿನಿಂದ ಅದರ ಬೂದಿ ಕೊಡವಿದಳು. ಪಕ್ಕದಲ್ಲಿ ಕಾಂಗರೂ ಬಾಲ ಬೇಯುತ್ತಿತ್ತು. ಮಡುವಿನ ದಡದಲ್ಲಿ ಕಟ್ಟಿದ ಟಾರ್ಪಾಲಿನ ಕೆಳಗೆ ನ್ಯಾಯಾಧೀಶರು ಕನ್ನಡಕ ಒರೆಸಿಕೊಳ್ಳುತ್ತಿದ್ದರು. ಈ ನೆಲ ಎಫಿ ಅಜ್ಜಿಯ ಜನರದೋ, ಅದನ್ನು ಗಣಿಗೆ ಕೊಡಲು ಹೊರಟ ಸರ್ಕಾರದ್ದೋ ಎಂದು ವಿಚಾರಿಸಲು ಅವರು ಇಲ್ಲಿಗೇ ಬಂದಿದ್ದರು.

ಸರ್ಕಾರದ ವಕೀಲ ಒಂದು ಹಾಳೆ ಎತ್ತಿಕೊಂಡ. ಅಜ್ಜಿಯ ಹೇಳಿಕೆ, ಜೋಲೀನಳ ಕೈಬರಹ. ಅಜ್ಜಿಗೆ ಬರೆಯಲು ಬರುತ್ತಿರಲಿಲ್ಲ. ಅರ್ಧಕ್ಕೆ ಶಾಲೆ ಬಿಟ್ಟಿದ್ದರೂ ಮನೆಯಲ್ಲಿ ಮೊಮ್ಮಗಳ ಅಕ್ಷರವೇ ದುಂಡು.

"'ಒಂಬತ್ತು ವರ್ಷ ನಾವು ಯಾರೂ ಈ ಮಡುವಿಗೆ ಕಾಲಿಡಲಿಲ್ಲ.' ಇದು ನಿಮ್ಮ ಮಾತೇ ಅಲ್ವಾ ಅಮ್ಮ?"

"ನಂದೇ ಕಣಪ್ಪ," ಅಜ್ಜಿ ಹೆಮ್ಮೆಯಿಂದಲೇ ಅಂದಳು. "ನಮ್ಮಣ್ಣ ಇಲ್ಲೇ ಹೋದ. ಹೋದೋರ ಜಾಗ ತುಳೀಬಾರ್ದು, ಹೆಸರೂ ಎತ್ತಬಾರ್ದು. ಆಮೇಲೆ ಹಸಿ ಸೊಪ್ಪಿನ ಹೊಗೆ ಹಾಕಿ, ಸೂತಕ ಕಳೆದು ವಾಪಸ್ ಬಂದ್ವಿ."

"ಅಂದ್ರೆ ಒಂಬತ್ತು ವರ್ಷ ಈ ನೆಲದ ಜೊತೆ ನಿಮ್ಮ ಸಂಬಂಧ ಕಡಿದುಹೋಗಿತ್ತು."

"ಅಯ್ಯೋ, ಬೇರೆಯೋರ ಜಾಗ ಆಗಿದ್ರೆ ನಮಗೇನು ಸೂತಕ?"

ನ್ಯಾಯಾಧೀಶರು ಏನನ್ನೋ ಬರೆದುಕೊಂಡರು. ವಕೀಲ ಹಾಳೆಯನ್ನು ಮಡಿಸಿಟ್ಟ.

ಚಿಕ್ಕವಳಿದ್ದಾಗ ಗಾಡಿ ಈ ದಾರಿಗೆ ಬಂದರೆ ಎಲ್ಲರೂ ಮಡುವಿಗೆ ಬೆನ್ನು ಮಾಡಿ ಕೂರುತ್ತಿದ್ದುದು ಜೋಲೀನಳಿಗೆ ನೆನಪಿತ್ತು. ಅದಕ್ಕಿಂತ ದೊಡ್ಡ ಸಾಕ್ಷಿ ಇಲ್ಲವೆಂದೇ ಆ ಸಾಲನ್ನು ಹಾಳೆಯ ತುದಿಯಲ್ಲಿ ಬರೆದಿದ್ದಳು. ಯಾಕೆ ಕಾಲಿಡಲಿಲ್ಲ ಎಂದು ಬರೆದಿರಲಿಲ್ಲ. ಅದು ಯಾರಿಗೆ ತಾನೇ ಗೊತ್ತಿಲ್ಲ?

ಕ್ಲಾರಿ ಮಾವ ಬೆಂಕಿಯ ಹತ್ತಿರ ಬಂದು ಕುಕ್ಕರಗಾಲಲ್ಲಿ ಕೂತ. "ಹಡಗಲ್ಲಿ ಬಂದ ಬಿಳಿಯೋರು 'ಇಲ್ಲಿ ಯಾರೂ ಇಲ್ಲ' ಅಂತ ಬರ್ಕೊಂಡು, ನೆಲ ಎಲ್ಲ ನಮ್ಮ ರಾಜಂದು ಅಂದ್ರು. ಇವರು ಈಗ್ಲೂ ಅದನ್ನೇ ಹುಡುಕ್ತಿದಾರೆ. ಈ ಸಲ ಬರ್ಕೊಡೋಕೆ ನಮ್ಮ ಹುಡುಗಿನೇ ಸಿಕ್ಕಳು ನೋಡು."

"ಬಾಯ್ಮುಚ್ಕೊಳೋ," ಅಜ್ಜಿ ದೂರದಿಂದಲೇ ಗದರಿದಳು. "ರೊಟ್ಟಿ ತಿನ್ನು."

ಮಧ್ಯಾಹ್ನಕ್ಕೆ ವಿಚಾರಣೆ ಮುಗಿಯಿತು. ಟಾರ್ಪಾಲು ಬಿಚ್ಚಿದರು. ಹಾಳೆಗಳು ಪೆಟ್ಟಿಗೆಗೆ, ಪೆಟ್ಟಿಗೆಗಳು ಗಾಡಿಗೆ ಹೋದವು. ಜೋಲೀನ್ ಬೂದಿಯ ಕೈಯನ್ನು ಲಂಗಕ್ಕೆ ಒರೆಸಿಕೊಳ್ಳುತ್ತಾ ಗಾಡಿಯ ಹಿಂದಿದ್ದ ವಕೀಲನ ಹತ್ತಿರ ಬಂದು ನಿಂತಳು.

"ಸಾರ್, ಆ ಹಾಳೆ ಒಂದ್ಸಲ ಕೊಡ್ತೀರಾ? ಒಂದು ಸಾಲು ಬರೆಯೋದು ಬಿಟ್ಟೋಗಿದೆ."